ನೋಡುವ ಕಣ್ಣು, ಕಾಯುವ ಕಣ್ಣು



ಹೊಳಲ್ಕೆರೆ ಕಡೆಯ ತಂದೆಯೊಬ್ಬರು ನನ್ನೊಡನೆ ಮಾತನಾಡಲು ಬಂದಿದ್ದರು. ಕೂರುವ ಮೊದಲು ತಮ್ಮ ಮೊಬೈಲನ್ನು ಹೊರಗೆ ಜಗಲಿಯ ಮೇಲಿಟ್ಟು ಬಂದರು. "ಅದು ಎಲ್ಲಾ ಕೇಳಿಸ್ಕೊಳ್ಳುತ್ತೆ ಸ್ವಾಮಿ" ಎಂದರು. ಮಾತು ಮುಂದುವರಿದಾಗ ಇನ್ನೊಂದು ವಿಷಯ ತಿಳಿಯಿತು. ಪ್ರತಿರಾತ್ರಿ ಮಗಳು ಮಲಗಿದ ಮೇಲೆ ಇವರು ಅವಳ ಮೊಬೈಲನ್ನು ತೆರೆದು ಓದುತ್ತಾರೆ. ಅದು ಮಗಳಿಗೆ ಗೊತ್ತಾಗಿದೆ. ಅವಳೀಗ ಮನೆಯಲ್ಲಿ ಮಾತೇ ಆಡುವುದಿಲ್ಲ. ಅವರ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ.

ಅವರ ಭಯ ಬರೀ ಭ್ರಮೆಯಲ್ಲ. 1988ರಲ್ಲಿ ದೂರವಾಣಿ ಕದ್ದಾಲಿಕೆಯ ಆರೋಪ ಎದ್ದಾಗ ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆಯವರು ರಾಜೀನಾಮೆ ಕೊಟ್ಟರು. ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು 2012ರಲ್ಲಿ, ಎಂಬತ್ತು ದಾಟಿದ ವಯಸ್ಸಿನಲ್ಲಿ, ಆಧಾರ್ ಯೋಜನೆಯನ್ನು ಪ್ರಶ್ನಿಸಿ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿದರು. ಆ ಮೊಕದ್ದಮೆಯಲ್ಲೇ 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠವು ಖಾಸಗಿತನ ಮೂಲಭೂತ ಹಕ್ಕು ಎಂದು ಒಮ್ಮತದಿಂದ ಸಾರಿತು.

ಆದ್ದರಿಂದ ಎಚ್ಚರ ಬೇಕು. ಯಾವ ಆ್ಯಪ್‌ಗೆ ಮೈಕ್, ಕ್ಯಾಮೆರಾಗಳ ಅನುಮತಿ ಇದೆಯೆಂದು ಸೆಟ್ಟಿಂಗ್ಸಿನಲ್ಲಿ ನೋಡಿ, ಬೇಡವಾದುದನ್ನು ತೆಗೆದುಬಿಡಿ. ಓಟಿಪಿಯನ್ನು ಯಾರಿಗೂ ಹೇಳಬೇಡಿ. ಇಷ್ಟಾದ ಮೇಲೂ ನಿದ್ದೆ ಬಾರದಿದ್ದರೆ ಅದು ಎಚ್ಚರವಲ್ಲ, ಸಂಶಯದ ಜ್ವರ. ಜ್ವರ ಹೆಚ್ಚಾದರೆ ವೈದ್ಯರನ್ನು ಕಾಣಲು ನಾಚಿಕೆ ಬೇಡ.

ದುರ್ಗದ ಕೋಟೆ ಹತ್ತಿದವರೆಲ್ಲ ಓಬವ್ವನ ಕಿಂಡಿಯನ್ನು ನೋಡಿದ್ದೀರಿ. ಹೈದರಾಲಿಯ ಸೈನಿಕರು ಒಳಗಿನವರನ್ನು ಕೆಡಿಸಲು ಅದರಲ್ಲಿ ನುಸುಳಿದರು. ಒಳಗಿನವರನ್ನು ಉಳಿಸಲು ಓಬವ್ವ ಅಲ್ಲಿ ನಿಂತಳು. ಕಿಂಡಿ ಒಂದೇ, ಕಣ್ಣು ಬೇರೆ. ಆಕೆಯ ಕಣ್ಣು ಇದ್ದದ್ದು ಹೊರಗಿನ ಶತ್ರುವಿನ ಮೇಲೆ, ಮನೆಯವರ ಮೇಲಲ್ಲ.

ದೇವರ ಕಣ್ಣು ಎಂಥದ್ದು? ಆದಿಕಾಂಡದ 16ನೇ ಅಧ್ಯಾಯವನ್ನು ಓದಿ. ಯಜಮಾನಿಯ ಕಾಟ ತಾಳದೆ ಅಡವಿಗೆ ಓಡಿಹೋದ ದಾಸಿ ಹಾಗರಳು ದೇವರನ್ನು ತನ್ನನ್ನು ನೋಡುವವರೆಂದು ಕರೆದಳು. ಆ ನೋಟಕ್ಕೆ ಅವಳು ಹೆದರಲಿಲ್ಲ, ಅದರಿಂದ ಬದುಕಿದಳು. ಇನ್ನೂ ಒಂದನ್ನು ಗಮನಿಸಿ. ಎಲ್ಲವನ್ನೂ ಬಲ್ಲ ದೇವರು, ಎಲ್ಲಿಂದ ಬಂದೆ, ಎಲ್ಲಿಗೆ ಹೊರಟೆ ಎಂದು ದೂತನ ಮೂಲಕ ಅವಳನ್ನೇ ಕೇಳುತ್ತಾರೆ. ಬಲ್ಲವರು ಕೇಳುತ್ತಾರೆ, ಏನೂ ತಿಳಿಯದ ನಾವು ಕದ್ದು ನೋಡುತ್ತೇವೆ!

ತಂದೆತಾಯಿಯರೇ, ಮಕ್ಕಳನ್ನು ಕಾಯುವುದು ನಿಮ್ಮ ಕರ್ತವ್ಯ. ಆದರೆ ಕಾಯುವವರು ಕತ್ತಲಲ್ಲಿ ಬರುವುದಿಲ್ಲ. ಇಂದು ರಾತ್ರಿ ಜಪಸರ ಮುಗಿದ ಮೇಲೆ ಮೊಬೈಲುಗಳನ್ನು ಪಕ್ಕಕ್ಕಿಡಿ. ಮಗಳ ಹತ್ತಿರ ಕುಳಿತು, "ಯಾಕವ್ವ ಸಪ್ಪಗಿದ್ದೀಯ?" ಎಂದು ಕೇಳಿ. ಉತ್ತರ ಕೂಡಲೇ ಬಾರದಿರಬಹುದು. ಕಾಯಿರಿ. ದೇವರೂ ನಮಗಾಗಿ ಹಾಗೆಯೇ ಕಾಯುತ್ತಾರೆ.