ಕಟ್ಟದೇ ಹೋದ ಮನೆ, ಕೈಬಿಡದ ಕರ್ತನು

ಯುವಜನರ ಆರಾಧನೆಯಲ್ಲಿ ಕೊಟ್ಟ ಸಂದೇಶದ ಬರಹರೂಪ
ವಾಕ್ಯಭಾಗ: 1 ಅರಸುಗಳು 8:15-20

ದೇವರಿಗೆ ಸ್ತೋತ್ರ. ಕೂತ್ಕೊಳ್ರಿ. ಹಿಂದೆ ನಿಂತವರು ಮುಂದೆ ಬರ್ರಿ, ಜಾಗ ಅದ.

ನಮ್ಮ ಊರಿನ ಬಾರಾಕಮಾನ್ ನೀವೆಲ್ಲ ನೋಡೀರಿ. ಎರಡನೇ ಅಲಿ ಆದಿಲ್‌ಶಾಹಿ ತನ್ನ ಸಮಾಧಿಗೆ ಅಂತ ಕಟ್ಟಿಸಲು ಶುರು ಮಾಡಿದ. 1672ರಲ್ಲಿ ಅವನು ತೀರಿಹೋದ. ಕಮಾನುಗಳು ಎದ್ದಿದ್ದವು, ಮೇಲೆ ಛಾವಣಿ ಬರಲೇ ಇಲ್ಲ. ಅವನ ಅಪ್ಪನ ಗೋಳಗುಮ್ಮಟ ಊರ ಆ ಕಡೆ ಅಷ್ಟು ದೊಡ್ಡದಾಗಿ ನಿಂತದ. ಮಗನದು ಇವತ್ತಿಗೂ ಆಕಾಶಕ್ಕೆ ತೆರೆದುಕೊಂಡೇ ಅದ. ಜನ ಅಲ್ಲಿ ನಿಂತು ಫೋಟೋ ತಕ್ಕೋತಾರ, ಹೋಗ್ತಾರ.

ನಿಮ್ಮ ನಿಮ್ಮ ಎದೆಯೊಳಗೂ ಇಂಥ ಒಂದೊಂದು ಬಾರಾಕಮಾನ್ ಇರಬಹುದು. ಶುರು ಮಾಡಿದ್ದು, ಮುಗಿಯದೇ ಉಳಿದದ್ದು. ಓದಬೇಕೆಂದಿದ್ದ ಡಿಗ್ರಿ. ಹೋಗಬೇಕೆಂದಿದ್ದ ಊರು. ಮಾಡಿಕೊಳ್ಳಬೇಕೆಂದಿದ್ದ ಮದುವೆ. ಕರ್ತನಿಗೆ ಕೊಟ್ಟ ಮಾತು. ರಾತ್ರಿ ಹಾಸಿಗೆ ಮೇಲೆ ಬಿದ್ದಾಗ ಆ ಖಾಲಿ ಕಮಾನಿನ ಕೆಳಗೆ ಹೋಗಿ ನಿಂತುಕೊಳ್ಳುತ್ತೇವೆ. "ಅವತ್ತು ಹಂಗ ಮಾಡಿದ್ರ? ಅವತ್ತು ಹೂಂ ಅಂದಿದ್ರ?"

ಇದಕ್ಕೆ ನಮ್ಮ ಕಡೆ ಒಂದು ಒಳ್ಳೆ ಮಾತು ಅದ: ಹಳಹಳಿ. ಪಶ್ಚಾತ್ತಾಪ ಬೇರೆ, ಹಳಹಳಿ ಬೇರೆ. ಪಶ್ಚಾತ್ತಾಪಕ್ಕೆ ಕಾಲು ಅದಾವ, ಅದು ಎದ್ದು ಎಲ್ಲಿಗೋ ಹೋಗುತ್ತದೆ. ಹಳಹಳಿ ಕೂತಲ್ಲೇ ಕೂತಿರುತ್ತದೆ. 2 ಕೊರಿಂಥ 7:10ರಲ್ಲಿ ಪೌಲ ಹೇಳುವುದು ಇದನ್ನೇ. ದೇವರ ಚಿತ್ತಕ್ಕೆ ಒಪ್ಪುವ ದುಃಖ ಮನುಷ್ಯನನ್ನು ರಕ್ಷಣೆಗೆ ತಿರುಗಿಸುತ್ತದೆ, ಲೋಕದ ದುಃಖ ಒಳಗೊಳಗೇ ಕೊಲ್ಲುತ್ತದೆ. ದುಃಖ ಎರಡೂ ಕಡೆ ಇದೆ. ಅದನ್ನು ಹೊತ್ತುಕೊಂಡು ಎಲ್ಲಿಗೆ ಹೋಗ್ತೀರಿ ಅನ್ನೋದು ಮುಖ್ಯ.

ಪ್ರಿಯರೇ, ನಮ್ಮ ಹಳಹಳಿಗಳನ್ನು ಇವತ್ತು ಮೂರು ರಾಶಿ ಮಾಡೋಣ. ಮೂರನ್ನೂ ಕೂಡಿಸಿ ಒಂದೇ ಚೀಲಕ್ಕೆ ತುಂಬಿದ್ದೇ ನಮ್ಮ ಗೋಳಿಗೆ ಅರ್ಧ ಕಾರಣ.

ಮೊದಲನೇ ರಾಶಿ: ನಾನೇ ತಪ್ಪು ಮಾಡಿದ್ದು

ಯೇಸು ಸ್ವಾಮಿ ಹಿಡಿದುಕೊಡಲ್ಪಟ್ಟ ರಾತ್ರಿ ಇಬ್ಬರು ಶಿಷ್ಯರು ಬಿದ್ದರು. ಒಬ್ಬ ಮೂವತ್ತು ಬೆಳ್ಳಿ ನಾಣ್ಯಕ್ಕೆ ಮಾರಿದ. ಇನ್ನೊಬ್ಬ, ಆತನನ್ನು ಅರಿಯೆನೆಂದು ಮೂರು ಸಾರಿ ಹೇಳಿದ. ಇಬ್ಬರಿಗೂ ಮನಸ್ಸು ಚುಚ್ಚಿತು. ಮತ್ತಾಯ 27 ನೋಡಿದರೆ ಯೂದನೂ ಪರಿತಾಪಪಟ್ಟ, ದುಡ್ಡನ್ನೂ ವಾಪಸ್ ತಂದ. ಆದರೆ ಅದನ್ನು ತಗೊಂಡು ಯಾರ ಹತ್ತಿರ ಹೋದ? ಮಹಾಯಾಜಕರ ಹತ್ತಿರ. ಅವರು, ಅದು ನಿನ್ನ ಪಾಡು ಅಂತ ಕೈ ತೊಳೆದುಕೊಂಡರು. ಪೇತ್ರ ಕಹಿಯಾಗಿ ಅತ್ತ. ಅತ್ತು ಉಳಿದ ಶಿಷ್ಯರ ಜೊತೆಗೇ ಇದ್ದ. ದಡದಲ್ಲಿ ನಿಂತವನು ಕರ್ತನೇ ಅಂತ ಗೊತ್ತಾದ ಕೂಡಲೇ ದೋಣಿ ದಡ ಮುಟ್ಟೋ ತನಕ ಕಾಯದೆ ನೀರಿಗೆ ಹಾರಿದ.

ತಪ್ಪಿನ ಹಳಹಳಿಗೆ ಇರುವ ದಾರಿ ಅದೊಂದೇ. ಕರ್ತನ ಕಡೆಗೆ ಹಾರು. ಅಷ್ಟೇ ಅಲ್ಲ, ಮನುಷ್ಯರ ಜೊತೆ ಸರಿಮಾಡಬೇಕಾದದ್ದು ಇದ್ದರೆ ಸರಿಮಾಡು. ಸಾಲದ ದುಡ್ಡು ಕೊಡೋದಿದ್ದರೆ ಕಂತಿನಲ್ಲಾದರೂ ಕೊಡು. ಅಪ್ಪನಿಗೆ ಆಡಬಾರದ ಮಾತು ಆಡಿದ್ದರೆ ಇವತ್ತೇ ಫೋನ್ ಹಚ್ಚು. ನಾವು ಕೆಲವು ಸಾರಿ ಆರಾಧನೆಯಲ್ಲಿ ಗಂಟೆಗಟ್ಟಲೆ ಅಳ್ತೀವಿ, ಆದರೆ ಐದು ನಿಮಿಷದ ಫೋನ್ ಮಾಡಲ್ಲ. ಜಕ್ಕಾಯ ಅತ್ತ ಅಂತ ಎಲ್ಲೂ ಬರೆದಿಲ್ಲ. ನಾಲ್ಕರಷ್ಟು ವಾಪಸ್ ಕೊಡ್ತೀನಿ ಅಂದ ಅಂತ ಬರೆದದ.

ಇಲ್ಲೊಂದು ಮಾತು ನಿಧಾನವಾಗಿ ಹೇಳಬೇಕು. ಯೂದ ಒಬ್ಬಂಟಿಯಾಗಿ ಹೋದ. ನಿಮ್ಮಲ್ಲಿ ಯಾರಿಗಾದರೂ "ಇನ್ನು ಬದುಕಿ ಏನು ಮಾಡೋದು" ಅನ್ನೋ ವಿಚಾರ ಬರ್ತಿದ್ದರೆ, ದಯವಿಟ್ಟು ಒಬ್ಬರೇ ಇರಬ್ಯಾಡ್ರಿ. ಇವತ್ತೇ ಒಬ್ಬರಿಗೆ ಹೇಳ್ರಿ. ನನಗೆ ಹೇಳ್ರಿ, ಅಮ್ಮನಿಗೆ ಹೇಳ್ರಿ, ಗೆಳೆಯನಿಗೆ ಹೇಳ್ರಿ. ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ ಅದ, 14416, ದುಡ್ಡು ಬೀಳಲ್ಲ. ವೈದ್ಯರ ಹತ್ತಿರ ಹೋಗೋದು ಅವಿಶ್ವಾಸ ಅಲ್ಲ. ಪ್ರಾರ್ಥನೆಯೂ ಮಾಡೋಣ, ವೈದ್ಯರ ಹತ್ತಿರವೂ ಹೋಗೋಣ.

ಎರಡನೇ ರಾಶಿ: ಬೇರೆಯವರು ಮಾಡಿದ ಅನ್ಯಾಯ

ಇದನ್ನು ನಮ್ಮ ಸಭೆಗಳಲ್ಲಿ ಮಾತಾಡೋದು ಕಮ್ಮಿ. ಈ ಊರಲ್ಲಿ ಬಾಡಿಗೆ ರೂಮ್ ಹಿಡಿದು, ಲೈಬ್ರರಿಯಲ್ಲಿ ಕೂತು ಪರೀಕ್ಷೆಗೆ ಓದುವ ಹುಡುಗ ಹುಡುಗಿಯರು ಎಷ್ಟು ಜನ ಇದ್ದೀರಿ! 2021ರ ಅಕ್ಟೋಬರ್‌ನಲ್ಲಿ 545 ಪಿಎಸ್‌ಐ ಹುದ್ದೆಗಳಿಗೆ ಪರೀಕ್ಷೆ ಆಯಿತು. ಅಕ್ರಮ ಹೊರಗೆ ಬಂತು. 2022ರ ಏಪ್ರಿಲ್‌ನಲ್ಲಿ ಸರ್ಕಾರ ಇಡೀ ಪರೀಕ್ಷೆಯನ್ನೇ ರದ್ದು ಮಾಡಿತು. ಮರುಪರೀಕ್ಷೆ ನಡೆದದ್ದು 2024ರ ಜನವರಿಯಲ್ಲಿ. ನಡುವೆ ಎರಡು ವರ್ಷದ ಮೇಲೆ ಹೋಯಿತು. ಪ್ರಾಮಾಣಿಕವಾಗಿ ಬರೆದು ಪಾಸಾದವನ ಪತ್ರಿಕೆಯೂ ಕಳ್ಳತನ ಮಾಡಿದವನ ಪತ್ರಿಕೆಯ ಜೊತೆಗೇ ಹೋಯಿತು. ಇಪ್ಪತ್ತಾರು, ಇಪ್ಪತ್ತೇಳರ ವಯಸ್ಸಿನಲ್ಲಿ ಎರಡು ವರ್ಷ ಅಂದರೆ ಸಣ್ಣ ಮಾತಲ್ಲ. ಒಂದು ಬದುಕು ಬೇರೆ ಕಡೆ ತಿರುಗೋದಕ್ಕೆ ಅಷ್ಟು ಸಾಕು.

ಅಂಥವನ ಹತ್ತಿರ ಹೋಗಿ "ದೇವರ ಚಿತ್ತ ಬ್ರದರ್" ಅಂತ ಸುಮ್ಮನೆ ಬೆನ್ನು ತಟ್ಟಬ್ಯಾಡ್ರಿ. ಕಳ್ಳರು ಮಾಡಿದ ಕೆಲಸಕ್ಕೆ ದೇವರ ಹೆಸರು ಹಚ್ಚಬ್ಯಾಡ್ರಿ. ದೇವರು ಯಾರಿಗೂ ಉತ್ತರ ಪತ್ರಿಕೆ ತಿದ್ದಲು ಹೇಳಿಲ್ಲ.

ಯೋಸೇಫನನ್ನು ನೋಡ್ರಿ. ಆದಿಕಾಂಡ 37ರಲ್ಲಿ ಅವನಿಗೆ ಹದಿನೇಳು ವರ್ಷ. ಫರೋಹನ ಮುಂದೆ ನಿಂತಾಗ ಮೂವತ್ತು. ಲೆಕ್ಕ ಹಾಕ್ರಿ, ಹದಿಮೂರು ವರ್ಷ. ಅವನ ಕಾಲೇಜು ವಯಸ್ಸು, ಕನಸಿನ ವಯಸ್ಸು, ಎಲ್ಲ ದಾಸತ್ವದಲ್ಲೂ ಸೆರೆಮನೆಯಲ್ಲೂ ಹೋಯಿತು. ಕೊನೆಗೆ ಅಣ್ಣಂದಿರಿಗೆ ಏನು ಹೇಳಿದ? ನೀವು ಕೆಟ್ಟದ್ದನ್ನೇ ಯೋಚಿಸಿದಿರಿ, ದೇವರು ಅದನ್ನು ಒಳ್ಳೆಯದಕ್ಕೆ ತಿರುಗಿಸಿದ ಅಂದ. ಕೆಟ್ಟದ್ದನ್ನು ಕೆಟ್ಟದ್ದು ಅಂತಲೇ ಕರೆದ. ಅದಕ್ಕೆ ಬಣ್ಣ ಬಳಿಯಲಿಲ್ಲ. ಹಾಗೆ ಹೇಳಿಯೂ ಅವರನ್ನು ಕ್ಷಮಿಸಿದ, ಅನ್ನ ಹಾಕಿದ.

ಇನ್ನೊಂದು ಗಮನಿಸ್ರಿ. ಚೊಚ್ಚಲ ಮಗ ಹುಟ್ಟಿದಾಗ ಅವನಿಗೆ ಮನಸ್ಸೆ ಅಂತ ಹೆಸರಿಟ್ಟ. ನನ್ನ ಕಷ್ಟವನ್ನೂ ತಂದೆಯ ಮನೆಯನ್ನೂ ದೇವರು ಮರೆಸಿಬಿಟ್ಟ ಅನ್ನೋ ಅರ್ಥ. ಮರೆತೆ ಅಂದವನು ಮುಂದೆ ಏನು ಮಾಡಿದ? ಅಣ್ಣಂದಿರನ್ನು ಕಂಡಾಗ ಪಕ್ಕಕ್ಕೆ ಹೋಗಿ ಅತ್ತ. ತಮ್ಮ ಬೆನ್ಯಾಮೀನನನ್ನು ಕಂಡಾಗ ಕೋಣೆಗೆ ಹೋಗಿ ಅತ್ತ. ಕೊನೆಗೆ ಅರಮನೆಗೆಲ್ಲ ಕೇಳುವಂತೆ ಅತ್ತ. "ಪಾಸ್ಟರ್, ನಾನು ಕ್ಷಮಿಸೀನಿ, ಆದ್ರೂ ನೆನಪಾದಾಗ ಕಣ್ಣೀರು ಬರ್ತದ, ನನ್ನ ವಿಶ್ವಾಸ ಕಮ್ಮಿ ಏನು?" ಅಂತ ಕೇಳುವವರು ಇದ್ದೀರಿ. ಇಲ್ಲ ತಂಗಿ, ಇಲ್ಲ ತಮ್ಮಾ. ಗಾಯ ಮಾಯ್ದ ಮೇಲೂ ಮಳೆಗಾಲಕ್ಕೆ ನೋಯುತ್ತದೆ. ಯೋಸೇಫನ ಕಣ್ಣೀರು ಅವನ ಕ್ಷಮೆಯನ್ನು ಸುಳ್ಳು ಮಾಡಲಿಲ್ಲ.

ಮೂರನೇ ರಾಶಿ: ಯಾರ ತಪ್ಪೂ ಇಲ್ಲ, ಸುಮ್ಮನೆ ಆಗಲಿಲ್ಲ

ಬಹಳ ಮಂದಿಯ ಹಳಹಳಿ ಇದೇ ರಾಶಿಗೆ ಸೇರೋದು. ಅಪ್ಪನಿಗೆ ಪಾರ್ಶ್ವವಾಯು ಬಂತು, ಮಗ ಬೆಂಗಳೂರಿನ ಕೆಲಸ ಬಿಟ್ಟು ಊರಿಗೆ ಬಂದ. ಅಕ್ಕನ ಮದುವೆ ಸಾಲಕ್ಕೆ ತಂಗಿಯ ಓದು ಪಿಯುಸಿಗೇ ನಿಂತಿತು. ಯಾರನ್ನು ಬೈಯೋದು? ಬೈಯಲು ಯಾರೂ ಸಿಗದಿದ್ದಾಗ ನಮ್ಮನ್ನೇ ಬೈದುಕೊಳ್ತೀವಿ, ಇಲ್ಲ ದೇವರ ಮೇಲೆ ಸಿಟ್ಟಾಗ್ತೀವಿ.

ಇಲ್ಲಿಗೆ ನಮ್ಮ ವಾಕ್ಯ ಬರುತ್ತದೆ. ದಾವೀದನಿಗೆ ದೇವಾಲಯ ಕಟ್ಟುವ ಆಸೆ ಇತ್ತು. ಕೆಟ್ಟ ಆಸೆಯಾ? ಅಲ್ಲ. ದೇವರು "ನೀನಲ್ಲ, ನಿನ್ನ ಮಗ" ಅಂದರು. ಆದರೆ 1 ಅರಸುಗಳು 8:18ನ್ನು ಮನೆಗೆ ಹೋಗಿ ಮತ್ತೆ ಓದ್ರಿ. ನನ್ನ ನಾಮಕ್ಕಾಗಿ ಮನೆ ಕಟ್ಟಬೇಕು ಅಂತ ನೀನು ಮನಸ್ಸು ಮಾಡಿದ್ದು ಒಳ್ಳೆಯದೇ ಅಂತ ದೇವರು ಅವನಿಗೆ ಹೇಳಿದ್ದರಂತೆ. ಹಲ್ಲೆಲೂಯಾ! ಆಗದೇ ಹೋದ ಕೆಲಸವನ್ನೂ, ಅದರ ಹಿಂದಿದ್ದ ಮನಸ್ಸನ್ನೂ ಕರ್ತನು ಬೇರೆಬೇರೆಯಾಗಿ ನೋಡುತ್ತಾನೆ. ಬಾಗಿಲು ಮುಚ್ಚಿದೆ ಅಂದ ಮಾತ್ರಕ್ಕೆ ನಿನ್ನ ಆಸೆಯನ್ನು ದೇವರು ತಿರಸ್ಕರಿಸಿದ ಅಂತಲ್ಲ. ನೀನು ಡಾಕ್ಟರ್ ಆಗಿ ಬಡವರಿಗೆ ಔಷಧ ಕೊಡಬೇಕು ಅಂತ ಹದಿನಾರನೇ ವಯಸ್ಸಿನಲ್ಲಿ ಪ್ರಾರ್ಥನೆ ಮಾಡಿದ್ದೆಯಲ್ಲ, ಸೀಟು ಸಿಗಲಿಲ್ಲ. ಆ ಪ್ರಾರ್ಥನೆ ಆತನಿಗೆ ಗೊತ್ತದ.

ಬೇಡ ಅನ್ನಿಸಿಕೊಂಡ ದಾವೀದ ಏನು ಮಾಡಿದ? 2 ಸಮುವೇಲ 7ರಲ್ಲಿ, ಹೋಗಿ ಯೆಹೋವನ ಸನ್ನಿಧಿಯಲ್ಲಿ ಕೂತುಕೊಂಡ. ಓಡಲಿಲ್ಲ, ಕೂತ. ಆಮೇಲೆ ಎದ್ದು ಬಂಗಾರ, ಬೆಳ್ಳಿ, ಕಬ್ಬಿಣ, ದೇವದಾರು ಮರ, ಕಲ್ಲು ಎಲ್ಲ ಕೂಡಿಸಿಟ್ಟ. ನಕ್ಷೆಯನ್ನು ಮಗನ ಕೈಗೆ ಕೊಟ್ಟ. ಇವತ್ತಿಗೂ ನಾವು ಅದನ್ನು ಸೊಲೊಮೋನನ ದೇವಾಲಯ ಅಂತೀವಿ, ದಾವೀದನ ಹೆಸರು ಅದರ ಮೇಲಿಲ್ಲ. ಆದರೂ ಅವನು ಸಾಮಾನು ಹೊತ್ತ. ನನಗೆ ಸಿಗದ ಓದನ್ನು ನನ್ನ ತಮ್ಮನಿಗೆ ಕೊಡಿಸುವುದು, ನಾನು ಹೋಗದ ಊರಿಗೆ ಹೋಗುವವರಿಗಾಗಿ ಮೊಣಕಾಲೂರುವುದು, ಇದು ಸೋಲಲ್ಲ. ಇದು ದಾವೀದನ ಕೆಲಸ.

ಬದುಕದೇ ಹೋದ ಬದುಕಿಗೆ ಜ್ವರ ಬರಂಗಿಲ್ಲ

ಈಗ ಮೊಬೈಲ್ ತಗೀರಿ. ಬ್ಯಾಡ, ತಗೀಬ್ಯಾಡ್ರಿ, ಸುಮ್ಮನೆ ನೆನೆಸ್ಕೊಳ್ರಿ! ನಿಮ್ಮ ಜೊತೆ ಓದಿದವನ ಸ್ಟೇಟಸ್. ಒಬ್ಬ ಪುಣೆಯಲ್ಲಿ, ಒಬ್ಬ ದುಬೈಯಲ್ಲಿ. ನೋಡಿದ ಕೂಡಲೇ ನಮ್ಮ ಇನ್ನೊಂದು ಬದುಕು ಕಣ್ಣ ಮುಂದೆ ಬರುತ್ತದೆ. ಆ ಬದುಕಿನಲ್ಲಿ ನಮಗೆ ಜ್ವರ ಬರಂಗಿಲ್ಲ. ಇಎಂಐ ಇರಂಗಿಲ್ಲ. ಬಾಸ್ ಬೈಯಂಗಿಲ್ಲ. ಹೆಂಡತಿ ಜೊತೆ ಜಗಳ ಆಗಂಗಿಲ್ಲ. ಯಾಕ? ಅದು ಇಲ್ಲವೇ ಇಲ್ಲ, ಅದಕ್ಕ. ಇಲ್ಲದ ಬದುಕನ್ನು ತಂದು ಇರುವ ಬದುಕಿನ ಪಕ್ಕ ನಿಲ್ಲಿಸಿದರೆ ಇರುವುದು ಪ್ರತಿ ಸಾರಿಯೂ ಸೋಲುತ್ತದೆ. ಆ ತಕ್ಕಡಿಯೇ ಸರಿಯಿಲ್ಲ.

ಯೋಹಾನ 21ರಲ್ಲಿ ಪೇತ್ರನಿಗೂ ಇದೇ ಆಯಿತು. ಕ್ಷಮೆ ಸಿಕ್ಕಿದೆ, ಕುರಿ ಮೇಯಿಸುವ ಕೆಲಸ ಸಿಕ್ಕಿದೆ. ತಿರುಗಿ ನೋಡಿದ, ಇನ್ನೊಬ್ಬ ಶಿಷ್ಯ ಹಿಂದೆ ಬರ್ತಿದ್ದ. ಕರ್ತನೇ, ಇವನ ಗತಿ ಏನು ಅಂತ ಕೇಳಿದ. ಅದರಿಂದ ನಿನಗೇನು, ನೀನು ನನ್ನ ಹಿಂದೆ ಬಾ ಅಂತ ಸ್ವಾಮಿ ಅಂದರು. ಇನ್ನೊಬ್ಬನ ಕಥೆಯನ್ನು ಆತನು ನಮಗೆ ಹೇಳುವುದಿಲ್ಲ. ನಾವು ಬದುಕದೇ ಹೋದ ಬದುಕಿನ ಕಥೆಯನ್ನೂ ಹೇಳುವುದಿಲ್ಲ. ಇವತ್ತಿನ ರೊಟ್ಟಿಯನ್ನು ಇವತ್ತು ಕೊಡುತ್ತಾನೆ. ಕೃಪೆ ಇರುವುದು ಇರುವ ಬದುಕಿಗೆ, ಕಲ್ಪನೆಯ ಬದುಕಿಗೆ ಕೃಪೆ ಬೇಕಾಗಿಲ್ಲ.

ತಿಕೋಟಾ, ಬಬಲೇಶ್ವರ ಕಡೆಯವರು ಇದ್ದೀರಲ್ಲ, ನಿಮಗೆ ಗೊತ್ತು. ದ್ರಾಕ್ಷಿಗೆ ವರ್ಷಕ್ಕೆ ಎರಡು ಸಾರಿ ಚಾಟ್ನಿ ಮಾಡ್ತಾರ, ಏಪ್ರಿಲ್‌ಗೊಮ್ಮೆ, ಅಕ್ಟೋಬರ್‌ಗೊಮ್ಮೆ. ಏಪ್ರಿಲ್‌ನಲ್ಲಿ ಕತ್ತರಿಸಿದ ತೋಟ ನೋಡಿದರೆ ಹೊಟ್ಟೆ ಚುರ್ ಅಂತದ, ಬರೀ ಒಣ ಕಟ್ಟಿಗೆ. ಆಮೇಲೆ ಹೊಸ ಕಡ್ಡಿ ಬರ್ತದ. ಬೇಸಿಗೆಯೊಳಗೇ ಆ ಕಡ್ಡಿಯ ಕಣ್ಣಿನಲ್ಲಿ ಮುಂದಿನ ಗೊನೆ ರೂಪಗೊಳ್ಳುತ್ತದೆ. ಹೊರಗೆ ಏನೂ ಕಾಣಂಗಿಲ್ಲ. ಅಕ್ಟೋಬರ್ ಚಾಟ್ನಿ ಆದ ಮೇಲೆ ಗೊನೆ ಹೊರಗೆ ಬರೋದು. ಎಲ್ಲ ಕಡ್ಡಿಯನ್ನೂ ಉಳಿಸಿಕೊಂಡ ಬಳ್ಳಿ ಬರೀ ಎಲೆ ಬಿಡ್ತದ. ಯೋಹಾನ 15ರಲ್ಲಿ ತಂದೆಯನ್ನು ತೋಟಗಾರ ಅಂತ ಕರೆದದ್ದು ಸುಮ್ಮನೆ ಅಲ್ಲ. ಆದರೆ ನೆನಪಿಡ್ರಿ, ಬೇಲಿ ಮುರಿದು ಬಂದ ದನ ತಿಂದದ್ದನ್ನು ಚಾಟ್ನಿ ಅನ್ನಬ್ಯಾಡ್ರಿ. ಅದು ಎರಡನೇ ರಾಶಿ. ದನ ತಿಂದ ಬಳ್ಳಿಯನ್ನೂ ಒಳ್ಳೆ ತೋಟಗಾರ ಕಿತ್ತೆಸೆಯುವುದಿಲ್ಲ, ಅಷ್ಟೇ.

ಯೋವೇಲ 2:25ರಲ್ಲಿ ಮಿಡತೆ ತಿಂದುಹೋದ ವರ್ಷಗಳ ನಷ್ಟವನ್ನು ಕಟ್ಟಿಕೊಡುತ್ತೇನೆ ಅಂತ ಕರ್ತನು ಹೇಳುತ್ತಾನೆ. ವರ್ಷ ವಾಪಸ್ ಬರುತ್ತದೆ ಅಂತ ಹೇಳಲಿಲ್ಲ. ಇಪ್ಪತ್ತೆರಡು ಮತ್ತೆ ಬರಂಗಿಲ್ಲ. ಹಾಗೆ ಬರುತ್ತದೆ ಅಂತ ಯಾರಾದರೂ ನಿಮಗೆ ಪ್ರವಾದನೆ ಹೇಳಿದರೆ ನಂಬಬ್ಯಾಡ್ರಿ. ಮುಂದಿನ ಬೆಳೆಯಲ್ಲಿ ಕೊಡುತ್ತೇನೆ ಅನ್ನುತ್ತಾನೆ. ಅಂದರೆ ನಾವು ಮತ್ತೆ ಬಿತ್ತಬೇಕು.

ಈ ವಾರ ಒಂದು ಕೆಲಸ ಮಾಡ್ರಿ. ಒಂದು ಹಾಳೆ ತಗೊಂಡು ಮೂರು ಗೆರೆ ಹಾಕ್ರಿ. ನಾನು ಮಾಡಿದ್ದು, ನನಗೆ ಮಾಡಿದ್ದು, ಸುಮ್ಮನೆ ಆಗದೇ ಹೋದದ್ದು. ಒಂದೊಂದನ್ನೂ ಅದರ ಸಾಲಿನಲ್ಲಿ ಬರೀರಿ. ಮೊದಲನೇ ಸಾಲಿಗೆ ಅರಿಕೆ, ಆಮೇಲೆ ಒಂದು ಫೋನ್. ಎರಡನೇ ಸಾಲಿಗೆ ಕಣ್ಣೀರು, ಕ್ಷಮೆ. ನ್ಯಾಯ ಕೇಳುವ ದಾರಿ ಇದ್ದರೆ ಅದನ್ನೂ ಕೇಳ್ರಿ, ಪೌಲನೂ ಕೈಸರನಿಗೆ ಮೊರೆಯಿಟ್ಟ. ಮೂರನೇ ಸಾಲನ್ನು ಹಿಡಿದು ದಾವೀದನ ಹಾಗೆ ಸನ್ನಿಧಿಯಲ್ಲಿ ಕೂತ್ಕೊಳ್ರಿ. ಯಾವುದು ಯಾವ ಸಾಲಿಗೆ ಅಂತ ತಿಳಿಯದಿದ್ದರೆ ನನ್ನ ಹತ್ತಿರ ಬರ್ರಿ, ಕೂಡಿ ನೋಡೋಣ.

ಎಲ್ಲರೂ ಕಣ್ಣು ಮುಚ್ಚೋಣ. ಪ್ರಾರ್ಥನೆ ಮಾಡೋಣ.

ತಂದೆಯೇ, ಕಟ್ಟಬೇಕೆಂದಿದ್ದ ಮನೆಗಳನ್ನು ನಿನ್ನ ಮುಂದೆ ತಂದಿದ್ದೇವೆ. ನಾವು ಕೆಡವಿದ್ದನ್ನು ಕ್ಷಮಿಸು. ನಮ್ಮಿಂದ ಕಸಿದುಕೊಂಡದ್ದಕ್ಕೆ ನೀನೇ ನ್ಯಾಯಾಧಿಪತಿ. ಆಗದೇ ಹೋದದ್ದರಲ್ಲಿ ಇದ್ದ ಒಳ್ಳೆಯ ಮನಸ್ಸನ್ನು ನೀನು ಕಂಡಿದ್ದೀ, ಅದಕ್ಕಾಗಿ ಸ್ತೋತ್ರ. ಇಲ್ಲದ ಬದುಕಿನಿಂದ ನಮ್ಮ ಕಣ್ಣು ತಿರುಗಿಸು. ನಾಳೆ ಬೆಳಿಗ್ಗೆ ಏಳುವ ಈ ಬದುಕಿನಲ್ಲಿ ನಿನ್ನ ಹಿಂದೆ ನಡೆಯಲು ನಮ್ಮ ಕಾಲಿಗೆ ಬಲ ಕೊಡು. ಒಬ್ಬಂಟಿಯಾಗಿ ಅಳುವವರ ಹತ್ತಿರ ಇವತ್ತು ರಾತ್ರಿ ಒಬ್ಬ ಮನುಷ್ಯನನ್ನಾದರೂ ಕಳುಹಿಸು. ಯೇಸುವಿನ ನಾಮದಲ್ಲಿ ಬೇಡುತ್ತೇವೆ, ತಂದೆಯೇ.

ಆಮೆನ್.