ಕೊಂದವನ ನೋವು, ನೋಡಿದವರ ಹರ್ಷ

ಹಿಂಸೆಯ ಮಾತು ಬಂದಾಗ ಲೋಕದ ಕಣ್ಣು ಮೊದಲು ಆಯುಧ ಹಿಡಿದ ಕೈಯ ಮೇಲೆ ಬೀಳುತ್ತದೆ. ಜೈನಾಚಾರ್ಯರು ಲೆಕ್ಕವನ್ನು ಅಲ್ಲಿಗೇ ನಿಲ್ಲಿಸಲಿಲ್ಲ. ತಾನೇ ಮಾಡಿದ್ದು ಕೃತ, ಅನ್ಯರಿಂದ ಮಾಡಿಸಿದ್ದು ಕಾರಿತ, ಅನ್ಯರು ಮಾಡಿದ್ದನ್ನು ಕಂಡು ಮೆಚ್ಚಿದ್ದು ಅನುಮೋದಿತ ಎಂದು ವಿಂಗಡಿಸಿ, ಮೂರನ್ನೂ ಆಸ್ರವಕ್ಕೆ ಕಾರಣವೆಂದರು. ಉಮಾಸ್ವಾಮಿಗಳ ತತ್ತ್ವಾರ್ಥಸೂತ್ರದ ಆರನೆಯ ಅಧ್ಯಾಯದಲ್ಲಿ ಈ ಲೆಕ್ಕ ಇನ್ನೂ ವಿಸ್ತಾರವಾಗಿದೆ. ಸಂರಂಭ, ಸಮಾರಂಭ, ಆರಂಭ ಎಂಬ ಮೂರು. ಮನ, ವಚನ, ಕಾಯ ಎಂಬ ಮೂರು. ಕೃತ, ಕಾರಿತ, ಅನುಮೋದಿತ ಎಂಬ ಮೂರು. ಕ್ರೋಧ, ಮಾನ, ಮಾಯೆ, ಲೋಭ ಎಂಬ ನಾಲ್ಕು. ಇವನ್ನು ಗುಣಿಸಿದರೆ 108. ಜಪಮಾಲೆಯ 108 ಮಣಿಗಳಿಗೆ ಈ ಅರ್ಥವನ್ನು ಹೇಳುವ ವಾಡಿಕೆಯೂ ಉಂಟು. ಗಮನಿಸಬೇಕಾದ ಸಂಗತಿಯೆಂದರೆ, ಈ 108ರಲ್ಲಿ 36 ಅನುಮೋದನೆಗೆ ಸೇರಿದವು. ಮಾಡಿದವನಿಗೆ ಎಷ್ಟು ಪಾಲೋ, ನಿಂತು ಮೆಚ್ಚಿದವನಿಗೂ ಅಷ್ಟೇ ಪಾಲು.

ಈ ಸಮಾನತೆ ಸಾಮಾನ್ಯ ವಿವೇಕಕ್ಕೆ ಕಠೋರವೆನಿಸಬಹುದು. ಕೊಲ್ಲುವುದೆಲ್ಲಿ, ಕೊಂದದ್ದನ್ನು ಕೇಳಿ ಚಪ್ಪಾಳೆ ತಟ್ಟುವುದೆಲ್ಲಿ? ಒಂದರಿಂದ ಪ್ರಾಣ ಹೋಗುತ್ತದೆ. ಇನ್ನೊಂದರಿಂದ ಯಾರ ಕೂದಲೂ ಕೊಂಕುವುದಿಲ್ಲ. ಈ ಆಕ್ಷೇಪಣೆಯನ್ನು ತೂಗಿ ನೋಡಲು ಗ್ರಂಥಗಳಿಂದ ಹೊರಗಿನ ಒಂದು ಉದಾಹರಣೆ ಬೇಕು. ಮೊದಲನೆಯ ಮಹಾಯುದ್ಧದಲ್ಲಿ ಹಾರಾಡಿದ ಬ್ರಿಟಿಷ್ ವೈಮಾನಿಕರ ಚರಿತ್ರೆಯಲ್ಲಿ ಅಂಥ ಉದಾಹರಣೆಗಳು ವಿಪುಲವಾಗಿವೆ. ಊರಿನ ಜನ ಬೀದಿಯಲ್ಲಿ ನಿಂತು, ತಲೆಯೆತ್ತಿ, ಯುದ್ಧವನ್ನು ನೋಟವಾಗಿ ನೋಡಲು ತೊಡಗಿದ್ದು ಆ ಕಾಲದಲ್ಲಿ.

ಅಂಥ ವೈಮಾನಿಕರಲ್ಲಿ ಒಬ್ಬ ಕನ್ನಡ ನಾಡಿನ ಮಣ್ಣಿನಲ್ಲಿ ಹುಟ್ಟಿದವನು. ವಿಲಿಯಂ ಲೀಫ್ ರಾಬಿನ್ಸನ್ 1895ರ ಜುಲೈ 14ರಂದು ಕೊಡಗಿನ ಪೊಲ್ಲಿಬೆಟ್ಟದ ಬಳಿಯ ಕಾಫಿ ತೋಟವೊಂದರಲ್ಲಿ ಜನಿಸಿದ. ಬೆಂಗಳೂರಿನ ಬಿಷಪ್ ಕಾಟನ್ ಶಾಲೆಯಲ್ಲಿಯೂ ಕೆಲಕಾಲ ಓದಿದ. 1916ರ ಸೆಪ್ಟೆಂಬರ್ 2ರ ರಾತ್ರಿ ಹದಿನಾರು ಜರ್ಮನ್ ಆಕಾಶನೌಕೆಗಳು ಬಾಂಬುಗಳನ್ನು ಹೊತ್ತು ಇಂಗ್ಲೆಂಡಿನತ್ತ ಹೊರಟವು. ಆಗ ರಾಬಿನ್ಸನ್ ಲಂಡನ್ ನಗರದ ರಕ್ಷಣೆಗೆ ನಿಯುಕ್ತವಾಗಿದ್ದ 39ನೆಯ ಸ್ಕ್ವಾಡ್ರನ್ನಿನಲ್ಲಿದ್ದ, ವಯಸ್ಸು ಇಪ್ಪತ್ತೊಂದು. ನಡುರಾತ್ರಿ ಕಳೆದ ಮೇಲೆ ಎಸ್.ಎಲ್. 11 ಎಂಬ ಮರದ ಚೌಕಟ್ಟಿನ ನೌಕೆ ಅವನ ಕಣ್ಣಿಗೆ ಬಿತ್ತು. ಹತ್ತಿರ ಹೋಗಿ, ಬೆಂಕಿ ಹೊತ್ತಿಸುವ ಗುಂಡುಗಳ ಎರಡು ಡ್ರಮ್ಮುಗಳನ್ನು ಅದರ ಮೈಗೆ ಖಾಲಿ ಮಾಡಿದ, ಏನೂ ಆಗಲಿಲ್ಲ. ಮೂರನೆಯದನ್ನು ಒಂದೇ ಕಡೆಗೆ ಗುರಿಯಿಟ್ಟು ಹಾರಿಸಿದಾಗ ಒಳಗಿದ್ದ ಜಲಜನಕ ಅನಿಲ ಹೊತ್ತಿಕೊಂಡಿತು. ನೌಕೆ ಉರಿಯುತ್ತ ಲಂಡನ್ನಿನ ಉತ್ತರಕ್ಕಿರುವ ಕಫ್ಲಿ ಎಂಬ ಹಳ್ಳಿಯ ಬಳಿ ಬಿದ್ದಿತು. ಅದರಲ್ಲಿದ್ದ ಹದಿನಾರು ಮಂದಿಯಲ್ಲಿ ಒಬ್ಬನೂ ಉಳಿಯಲಿಲ್ಲ.

ಆ ಬೆಳಕು ಬಹುದೂರದವರೆಗೆ ಕಂಡಿತು. ಲಂಡನ್ನಿನ ಜನ ಮನೆಗಳಿಂದ ಹೊರಬಂದು ಜಯಘೋಷ ಮಾಡಿದರು, ಹಾಡಿದರು, ಕುಣಿದರು. ಮರುದಿನ ಭಾನುವಾರ, ಸಾವಿರಾರು ಮಂದಿ ರೈಲುಗಳಲ್ಲಿ ಕಫ್ಲಿಗೆ ಜಾತ್ರೆಗೆ ಹೋದಂತೆ ಹೋದರು. ಸುಟ್ಟ ನೌಕೆಯ ತಂತಿಯ ಚೂರುಗಳು ನೆನಪಿನ ಕಾಣಿಕೆಗಳಾಗಿ ಮಾರಾಟವಾದವು. ವಾರ ಕಳೆಯುವುದರೊಳಗೆ ರಾಬಿನ್ಸನ್ನನಿಗೆ ವಿಕ್ಟೋರಿಯಾ ಕ್ರಾಸ್ ಪದಕ ಬಂದಿತು. ಸಾವಿರಾರು ಪೌಂಡುಗಳ ಬಹುಮಾನವೂ ಬಂದಿತು.

ಇಲ್ಲಿ ರಾಬಿನ್ಸನ್ನನನ್ನು ದೂಷಿಸುವುದು ಸುಲಭ; ನ್ಯಾಯವಲ್ಲ. ಆಕಾಶನೌಕೆಗಳು 1915ರಿಂದ ಇಂಗ್ಲೆಂಡಿನ ಊರುಗಳ ಮೇಲೆ ಬಾಂಬು ಹಾಕುತ್ತಿದ್ದವು. ಯುದ್ಧ ಮುಗಿಯುವ ವೇಳೆಗೆ ಅವುಗಳಿಂದ ಸತ್ತವರ ಸಂಖ್ಯೆ ಐನೂರನ್ನು ಮೀರಿತ್ತು; ಅವರಲ್ಲಿ ನಿದ್ರಿಸುತ್ತಿದ್ದ ಮಕ್ಕಳೂ ಇದ್ದರು. ಶ್ರಾವಕಾಚಾರವನ್ನು ವಿವರಿಸುವವರು ಸಂಕಲ್ಪೀ ಹಿಂಸೆಯನ್ನೂ ವಿರೋಧೀ ಹಿಂಸೆಯನ್ನೂ ಬೇರೆಬೇರೆಯಾಗಿ ಇಡುತ್ತಾರೆ. ಕೊಲ್ಲಬೇಕೆಂಬ ಬಯಕೆಯಿಂದಲೇ ಕೊಲ್ಲುವುದು ಮೊದಲನೆಯದು. ಆಕ್ರಮಿಸಿ ಬಂದವನನ್ನು ತಡೆಯುವಾಗ ಆಗುವುದು ಎರಡನೆಯದು. ಅಣುವ್ರತಿಯಾದ ಗೃಹಸ್ಥ ಮೊದಲನೆಯದನ್ನು ಪೂರ್ಣವಾಗಿ ಬಿಡಬೇಕು. ಎರಡನೆಯದನ್ನು ಅವನು ಪೂರ್ಣವಾಗಿ ಬಿಡಲಾರ. ಶ್ರವಣಬೆಳಗೊಳದಲ್ಲಿ ಗೊಮ್ಮಟೇಶ್ವರನ ಮೂರ್ತಿಯನ್ನು ನಿಲ್ಲಿಸಿದ ಚಾವುಂಡರಾಯ ಗಂಗರ ಸೇನಾನಿಯಾಗಿದ್ದ. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಗಂಗರಾಜನೂ ಜಿನಭಕ್ತನೇ. ಆದ್ದರಿಂದ ಆ ರಾತ್ರಿ ನೌಕೆಯನ್ನು ತಡೆದದ್ದು ಸರಿಯೇ ಎಂಬುದು ಇಲ್ಲಿನ ಪ್ರಶ್ನೆಯಲ್ಲ. ತಡೆಯುವ ಅಗತ್ಯ ರಾಬಿನ್ಸನ್ನನಿಗಿತ್ತು. ಕುಣಿಯುವ ಅಗತ್ಯ ಯಾರಿಗಿತ್ತು?

ಈ ಪ್ರಶ್ನೆ ಆ ದಿನಗಳಲ್ಲಿ ಯಾರಿಗೂ ಹೊಳೆಯಲಿಲ್ಲ ಎನ್ನುವಂತಿಲ್ಲ. ಆಗ ಆಂಬುಲೆನ್ಸ್ ನಡೆಸುತ್ತಿದ್ದ ಸಿಬಿಲ್ ಮಾರಿಸನ್ ಎಂಬ ತರುಣಿ, ಆಕಾಶನೌಕೆಯೊಂದು ಉರಿಯುತ್ತ ಇಳಿಯುವುದನ್ನೂ ಸುತ್ತಲಿನ ಸಜ್ಜನರು, ತನ್ನ ಗೆಳತಿಯರು ಸಹ, ಚಪ್ಪಾಳೆ ತಟ್ಟುವುದನ್ನೂ ಕಂಡಳು. ಒಳಗೆ ಮನುಷ್ಯರು ಬೇಯುತ್ತಿದ್ದಾರಲ್ಲ ಎಂದಾಗ, ಅವರು ಶತ್ರುಗಳು, ಮನುಷ್ಯರಲ್ಲ ಎಂಬ ಉತ್ತರ ಬಂದಿತು. ಸ್ವಭಾವತಃ ದಯಾಳುಗಳಾದ ಜನರನ್ನು ಯುದ್ಧ ಹೀಗೆ ಮಾಡಿಬಿಡುತ್ತದೆ ಎಂಬ ಅರಿವು ಆ ಕ್ಷಣದಲ್ಲಿ ಮೂಡಿತೆಂದು ಆಕೆ ಮುಂದೆ ಹೇಳಿದ್ದಾರೆ. ಅನಂತರ ಅವರು ಜೀವನವಿಡೀ ಶಾಂತಿಯ ಕಾರ್ಯಕರ್ತೆಯಾಗಿ ಉಳಿದರು.

ಬ್ರಿಟನ್ನಿನ ರಾಯಲ್ ಫ್ಲೈಯಿಂಗ್ ಕೋರ್ 1912ರ ಏಪ್ರಿಲ್‌ನಲ್ಲಿ ಸ್ಥಾಪಿತವಾಯಿತು. 1918ರ ಏಪ್ರಿಲ್ 1ರಂದು ನೌಕಾಪಡೆಯ ವಿಮಾನದಳದೊಂದಿಗೆ ಸೇರಿ ರಾಯಲ್ ಏರ್ ಫೋರ್ಸ್ ಆಯಿತು. 1914ರ ಆಗಸ್ಟಿನಲ್ಲಿ ಅದರ ನಾಲ್ಕು ಸ್ಕ್ವಾಡ್ರನ್ನುಗಳು ಫ್ರಾನ್ಸಿಗೆ ಹೋದಾಗ ಅವುಗಳ ಕೆಲಸ ನೋಡಿ ಬರುವುದಷ್ಟೇ. ಶತ್ರುಸೇನೆ ಎಲ್ಲಿದೆ, ಯಾವ ಕಡೆಗೆ ಹೊರಳುತ್ತಿದೆ ಎಂದು ಮೇಲಿನಿಂದ ಕಂಡು ವರದಿ ಮಾಡುವುದು. ಕೆಲವೇ ತಿಂಗಳಲ್ಲಿ ನೋಡುವ ಕಣ್ಣೇ ಕೊಲ್ಲುವ ಉಪಕರಣವಾಯಿತು. ವಿಮಾನದಲ್ಲಿ ಕುಳಿತವನು ನಿಸ್ತಂತು ಯಂತ್ರದಿಂದ ಕೆಳಗಿನ ಫಿರಂಗಿಗಳಿಗೆ ಗುರಿ ತಿದ್ದಿಕೊಡತೊಡಗಿದ. ಗುಂಡು ಹಾರಿಸಿದವನಿಗೆ ಸತ್ತವನು ಕಾಣುತ್ತಿರಲಿಲ್ಲ. ಕಂಡವನು ಗುಂಡು ಹಾರಿಸುತ್ತಿರಲಿಲ್ಲ. ಕೃತ ಮತ್ತು ಕಾರಿತಗಳನ್ನು ಇಷ್ಟು ಜಾಣತನದಿಂದ ಹಂಚಿಕೊಟ್ಟ ವ್ಯವಸ್ಥೆ ಅದಕ್ಕೆ ಮೊದಲು ಅಪರೂಪ. ಈ ನೋಡುವ ವಿಮಾನಗಳನ್ನು ಕಾಯಲು, ಎದುರಾಳಿಯ ಅಂಥ ವಿಮಾನಗಳನ್ನು ಕೆಡವಲು, ಹೋರಾಟದ ವಿಮಾನಗಳು ಹುಟ್ಟಿಕೊಂಡವು.

ಪತ್ರಿಕೆಗಳು ಈ ಹೋರಾಟಗಾರರನ್ನು ಆಕಾಶದ ವೀರಭಟರೆಂದು ಹಾಡಿಹೊಗಳಿದವು. ಕೆಸರು ಕಂದಕಗಳಲ್ಲಿ ಲಕ್ಷಾಂತರ ಜನ ಹೆಸರಿಲ್ಲದೆ ಸಾಯುತ್ತಿದ್ದಾಗ, ಮೇಲೆ ಒಬ್ಬನಿಗೊಬ್ಬ ಎದುರಾಗುವ ದ್ವಂದ್ವಯುದ್ಧ ಮನಸ್ಸಿಗೆ ಹಿತವಾಗಿ ತೋರಿತು. ಇಲ್ಲಿ ಭರತ ಬಾಹುಬಲಿಗಳ ಕಥೆ ನೆನಪಾಗುವುದು ಸಹಜ. ಮಂತ್ರಿಗಳ ಮಾತಿಗೆ ಒಪ್ಪಿ ಆ ಸಹೋದರರು ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧಗಳಲ್ಲಿ ತಾವಿಬ್ಬರೇ ತೊಡಗಿದರು. ಆದರೆ ಅದರ ಉದ್ದೇಶ ಎರಡು ಸೇನೆಗಳ ಪ್ರಾಣವನ್ನು ಉಳಿಸುವುದು. ಫ್ರಾನ್ಸಿನ ಆಕಾಶದ ದ್ವಂದ್ವದಿಂದ ಕೆಳಗಿನ ಒಬ್ಬ ಸೈನಿಕನೂ ಉಳಿಯಲಿಲ್ಲ. ಗೆದ್ದವನ ಕಡೆಯ ಫಿರಂಗಿಗಳಿಗೆ ಕಣ್ಣು ಚುರುಕಾಯಿತು, ಅಷ್ಟೇ. ಹೊರನೋಟಕ್ಕೆ ಒಂದೇ ಬಗೆಯಾಗಿ ಕಂಡರೂ ಇವೆರಡೂ ಪರಸ್ಪರ ವಿರುದ್ಧವಾದವು. ಅಲ್ಲಿ ಗೆಲುವಿನ ಕ್ಷಣದಲ್ಲಿಯೇ ವೈರಾಗ್ಯ ಹುಟ್ಟಿತು. ಇಲ್ಲಿ ಗೆಲುವುಗಳನ್ನು ಎಣಿಸುವ ಪಟ್ಟಿ ಹುಟ್ಟಿತು.

ಆ ಪಟ್ಟಿಯಲ್ಲಿ ಮೊದಲು ಪ್ರಸಿದ್ಧನಾದ ಬ್ರಿಟಿಷ್ ತರುಣ ಆಲ್ಬರ್ಟ್ ಬಾಲ್. ನಾಟಿಂಗ್‌ಹ್ಯಾಮ್ ಊರಿನವನು, ದೈವಭಕ್ತ. ಪಿಟೀಲು ನುಡಿಸುವುದೂ ವಿಮಾನ ನಿಲ್ದಾಣದ ಅಂಚಿನಲ್ಲಿ ಗಿಡ ಬೆಳೆಸುವುದೂ ಅವನ ಹವ್ಯಾಸಗಳು. 44 ವಿಜಯಗಳು ಅವನ ಹೆಸರಿನಲ್ಲಿವೆ. 1917ರ ಮೇ ತಿಂಗಳಲ್ಲಿ ತಂದೆಗೆ ಬರೆದ ಪತ್ರದಲ್ಲಿ, ಸದಾ ಕೊಲ್ಲುವುದಕ್ಕಾಗಿಯೇ ಬದುಕುವುದು ಬೇಸರ ತಂದಿದೆ, ತಾನು ಕೊಲೆಗಾರನೆಂದೇ ಅನಿಸತೊಡಗಿದೆ ಎಂಬ ಅರ್ಥದ ಮಾತುಗಳನ್ನು ಆತ ಬರೆದ. ಆ ತಿಂಗಳ 7ರಂದು ಸತ್ತ, ವಯಸ್ಸು ಇಪ್ಪತ್ತು. ಆದರೆ ಇನ್ನೊಂದು ಸಂಗತಿಯನ್ನು ಮರೆಯುವಂತಿಲ್ಲ. ಅದಕ್ಕೆ ಮುನ್ನ ಅವನನ್ನು ವಿಶ್ರಾಂತಿಗಾಗಿ ಇಂಗ್ಲೆಂಡಿಗೆ ಕಳುಹಿಸಲಾಗಿತ್ತು. ಯುದ್ಧಭೂಮಿಗೆ ಮರಳಲು ಪ್ರಯತ್ನಪಟ್ಟು ಬಂದವನು ಅವನೇ. ಪಶ್ಚಾತ್ತಾಪ ನಿಜವಾಗಿತ್ತು, ಆದರೆ ಹಿಂದಿರುಗುವಿಕೆ ಇರಲಿಲ್ಲ. ಪ್ರತಿಕ್ರಮಣವೆಂಬ ಪದದ ಅರ್ಥವೇ ಹಿಂದಿರುಗುವುದು. ಮಾಡಿದ್ದಕ್ಕೆ ಮರುಗುವುದು ಅದರ ಅರ್ಧ ಮಾತ್ರ.

ಎಡ್ವರ್ಡ್ ಮ್ಯಾನಕ್‌ನ ಕಥೆ ಇನ್ನೂ ಆಳವಾದ ಪಾಠವನ್ನು ಹೇಳುತ್ತದೆ. 1917ರಲ್ಲಿ 40ನೆಯ ಸ್ಕ್ವಾಡ್ರನ್ನಿನಲ್ಲಿದ್ದಾಗ ತಾನು ಕೆಡವಿದ ವಿಮಾನವನ್ನು ನೋಡಲು ಆತ ಹೋದ. ಅಲ್ಲಿ ಛಿದ್ರವಾದ ದೇಹದ ಜೊತೆಗೆ ಸತ್ತ ಪುಟ್ಟ ನಾಯಿಯೊಂದಿತ್ತು. ಅದೂ ವಿಮಾನದಲ್ಲಿ ಹಾರಿತ್ತು. ತಾನು ಕೊಲೆಗಾರನೆಂದು ಅನಿಸಿತೆಂದು ಆತ ದಿನಚರಿಯಲ್ಲಿ ದಾಖಲಿಸಿದ. ಶತ್ರುವೆಂಬ ಹೆಸರು ಹಚ್ಚಲು ಬಾರದ ಆ ಮೂಕಜೀವಿ ಅವನ ಮನಸ್ಸಿನ ಬಾಗಿಲನ್ನು ತೆರೆಯಿತು. ಆದರೆ ಆ ಬಾಗಿಲು ತೆರೆದೇ ಇದ್ದರೆ ಮರುದಿನ ಹಾರುವುದು ಹೇಗೆ? ಒಂದು ವರ್ಷ ಕಳೆಯುವುದರೊಳಗೆ ಅದೇ ಮ್ಯಾನಕ್ ಜರ್ಮನರ ಮೇಲಿನ ಕಡುದ್ವೇಷಕ್ಕೆ ಹೆಸರಾದ. 1918ರ ಏಪ್ರಿಲ್‌ನಲ್ಲಿ ಜರ್ಮನಿಯ ರಿಕ್ತೋಫೆನ್ ಸತ್ತಾಗ ಅವನ ಗೌರವಕ್ಕೆ ಪಾನಪಾತ್ರೆ ಎತ್ತಲು ಒಪ್ಪಲಿಲ್ಲ. ದಯೆಯೊಂದಿಗೆ ಕೊಲ್ಲಲಾಗದವನು ಕೊಲ್ಲುವುದನ್ನು ಬಿಡಲಾಗದಿದ್ದರೆ ದಯೆಯನ್ನೇ ಬಿಡುತ್ತಾನೆ. ವಿರೋಧೀ ಹಿಂಸೆಯಾಗಿ ಆರಂಭವಾದದ್ದು ಹೀಗೆ ಹೆಜ್ಜೆಹೆಜ್ಜೆಯಾಗಿ ಸಂಕಲ್ಪೀ ಹಿಂಸೆಯತ್ತ ಜಾರುತ್ತದೆ. 1918ರ ಜುಲೈ 26ರಂದು, ತಾನು ಕೆಡವಿದ ವಿಮಾನವನ್ನು ಹಿಂಬಾಲಿಸಿ ತೀರ ಕೆಳಕ್ಕೆ ಇಳಿದಾಗ ನೆಲದ ಗುಂಡು ತಗುಲಿ ಅವನ ವಿಮಾನ ಹೊತ್ತಿಕೊಂಡಿತು. ಹಾಗೆ ಇಳಿಯಬೇಡಿರೆಂದು ಇತರರಿಗೆ ಎಚ್ಚರಿಸುತ್ತಿದ್ದವನು, ಬೆಂಕಿಯ ಸಾವಿಗೆ ಎಲ್ಲಕ್ಕಿಂತ ಹೆಚ್ಚು ಅಂಜುತ್ತಿದ್ದವನು, ಅವನೇ.

ಮೂರನೆಯವನು ಆರ್ಥರ್ ರೀಸ್ ಡೇವಿಡ್ಸ್. ಈ ಹೆಸರು ಭಾರತೀಯ ಶಾಸ್ತ್ರಗಳನ್ನು ಬಲ್ಲವರಿಗೆ ಅಪರಿಚಿತವಲ್ಲ. ಅವನ ತಂದೆ ಟಿ. ಡಬ್ಲ್ಯು. ರೀಸ್ ಡೇವಿಡ್ಸ್ 1881ರಲ್ಲಿ ಪಾಲಿ ಟೆಕ್ಸ್ಟ್ ಸೊಸೈಟಿಯನ್ನು ಸ್ಥಾಪಿಸಿದವರು. ತಾಯಿ ಕ್ಯಾರೊಲಿನ್ ಕೂಡ ಪಾಲಿ ವಿದ್ವಾಂಸರು. ಭಗವಾನ್ ಮಹಾವೀರರನ್ನು ನಿಗಂಠ ನಾತಪುತ್ತನೆಂಬ ಹೆಸರಿನಿಂದ ಉಲ್ಲೇಖಿಸುವ ಆ ಗ್ರಂಥಗಳ ಪ್ರಕಟಣೆಗೆ ಬಾಳನ್ನು ಮುಡಿಪಾಗಿಟ್ಟ ಮನೆಯ ಮಗ 56ನೆಯ ಸ್ಕ್ವಾಡ್ರನ್ನಿನ ಹೋರಾಟಗಾರನಾದ. 1917ರ ಸೆಪ್ಟೆಂಬರ್ 23ರಂದು ಜರ್ಮನಿಯ ವೆರ್ನರ್ ವಾಸ್ ಒಂಟಿಯಾಗಿ ಆ ಸ್ಕ್ವಾಡ್ರನ್ನಿನ ಹಲವು ನಿಪುಣರನ್ನು ಎದುರಿಸಿ ಕಾದಾಡಿದ. ಕೊನೆಗೆ ಅವನನ್ನು ಕೆಡವಿದವನು ರೀಸ್ ಡೇವಿಡ್ಸ್. ಸಂಗಡಿಗರು ಅಭಿನಂದಿಸಿದಾಗ, ಅವನನ್ನು ಜೀವಸಹಿತ ಇಳಿಸಲು ಸಾಧ್ಯವಾಗಿದ್ದರೆ ಎಂದು ಆತ ಹಳಹಳಿಸಿದನೆಂದು ಜೊತೆಗಾರ ಮೆಕಡನ್ ಬರೆದಿದ್ದಾನೆ. ಒಂದು ತಿಂಗಳು ಕಳೆದು, ಅಕ್ಟೋಬರ್ 27ರಂದು, ರೀಸ್ ಡೇವಿಡ್ಸ್ ತಾನೂ ಹಿಂದಿರುಗಲಿಲ್ಲ. ವಾಸ್‌ಗೂ ಇಪ್ಪತ್ತು, ಅವನಿಗೂ ಇಪ್ಪತ್ತು.

ಈಗ ಮೊದಲಿನ ಆಕ್ಷೇಪಣೆಗೆ ಮರಳಬಹುದು. ಪ್ರಾಣಹಾನಿಯೊಂದೇ ಹಿಂಸೆಯ ಅಳತೆಯಾಗಿದ್ದರೆ ಚಪ್ಪಾಳೆ ತಟ್ಟಿದವನು ನಿರ್ದೋಷಿ. ಆದರೆ ಉಮಾಸ್ವಾಮಿಗಳು ಪ್ರಮಾದದ ಯೋಗವನ್ನು ಹಿಂಸೆಯ ಲಕ್ಷಣದೊಳಗೇ ಸೇರಿಸಿದರು; ಅಮೃತಚಂದ್ರಾಚಾರ್ಯರು ಪುರುಷಾರ್ಥಸಿದ್ಧ್ಯುಪಾಯದಲ್ಲಿ ರಾಗಾದಿಗಳ ಉದಯವನ್ನೇ ಹಿಂಸೆಯೆಂದು ನಿರ್ಣಯಿಸಿದರು. ಈ ಅಳತೆಯಿಂದ ನೋಡಿದಾಗ ಚಿತ್ರ ಬದಲಾಗುತ್ತದೆ. ಕೊಂದವನಲ್ಲಿ ಭಯವಿತ್ತು, ದಣಿವಿತ್ತು, ಕರ್ತವ್ಯದ ಒತ್ತಡವಿತ್ತು. ಅನೇಕರಲ್ಲಿ ಮರುಕವೂ ಇತ್ತು. ಅವನು ತನ್ನ ಪ್ರಾಣವನ್ನೂ ಒತ್ತೆಯಿಟ್ಟಿದ್ದ. ಬೀದಿಯಲ್ಲಿ ಕುಣಿದವನಿಗೆ ಅಪಾಯ ಕಳೆದಿತ್ತು, ಕರ್ತವ್ಯವಿರಲಿಲ್ಲ. ಉಳಿದದ್ದು ಹರ್ಷ ಮಾತ್ರ. ಬಾಂಬಿನ ಭೀತಿಯಿಂದ ಪಾರಾದ ನೆಮ್ಮದಿ ಬೇರೆ. ಹದಿನಾರು ಜೀವಿಗಳು ಬೇಯುವುದನ್ನು ಕಂಡು ಪಟ್ಟ ಸಂತೋಷ ಬೇರೆ. ಮೊದಲನೆಯದು ಜೀವದ ಸಹಜಧರ್ಮ. ಎರಡನೆಯದು ಹಿಂಸಾನಂದವೆಂಬ ರೌದ್ರಧ್ಯಾನ. ಆ ಕ್ಷಣದಲ್ಲಿ ಎರಡೂ ಒಂದರೊಳಗೊಂದು ಬೆರೆತಿರುತ್ತವೆ. ಬೇರ್ಪಡಿಸುವ ಕೆಲಸ ಅವರವರ ವಿವೇಕಕ್ಕೆ ಬಿಟ್ಟದ್ದು.

ಅನುಮೋದನೆಯ ದೋಷ ಒಳಗಿನದು ಮಾತ್ರವೂ ಅಲ್ಲ. ಪದಕ, ಬಹುಮಾನ, ಪತ್ರಿಕೆಯ ಹೊಗಳಿಕೆಗಳ ಮೂಲಕ ಆ ಹರ್ಷ ಮತ್ತೆ ಯುದ್ಧಭೂಮಿಗೆ ಹರಿಯಿತು. ಇಂದಿನ ಅನುಮೋದನೆ ನಾಳಿನ ಕಾರಿತವಾಗುತ್ತದೆ. ಅದರಿಂದ ನಾಡಿದ್ದಿನ ಕೃತ ಹುಟ್ಟುತ್ತದೆ. ಜನ ಹೊಗಳಿದ ರಾಬಿನ್ಸನ್ 1917ರ ಏಪ್ರಿಲ್‌ನಲ್ಲಿ ಫ್ರಾನ್ಸಿನ ಮೇಲೆ ಹಾರುವಾಗ ಶತ್ರುವಿನ ಕೈಗೆ ಸಿಕ್ಕು ಸೆರೆವಾಸ ಅನುಭವಿಸಿದ; ಬಿಡುಗಡೆಯಾಗಿ ಬಂದು 1918ರ ಡಿಸೆಂಬರ್ 31ರಂದು ಇನ್‌ಫ್ಲುಯೆಂಜಾ ಜ್ವರದಿಂದ ಸತ್ತ. ಆಗ ಅವನಿಗೆ ಇಪ್ಪತ್ತಮೂರು.

ಲಂಡನ್ನಿನ ಜನ ತಲೆಯೆತ್ತಿ ನೋಡಿದ್ದನ್ನು ಇಂದಿನ ಜನ ತಲೆತಗ್ಗಿಸಿ ಅಂಗೈಯ ಪರದೆಯಲ್ಲಿ ನೋಡುತ್ತಾರೆ. ದೂರದೇಶದ ಕಟ್ಟಡವೊಂದು ಕ್ಷಿಪಣಿಗೆ ಕುಸಿಯುವ ದೃಶ್ಯ ಊಟದ ಹೊತ್ತಿನಲ್ಲಿ ಬರುತ್ತದೆ. ಮೆಚ್ಚುಗೆ ಸೂಚಿಸಲು ಒಂದು ಬೆರಳು ಸಾಕು. ಸೂರ್ಯಾಸ್ತಕ್ಕೆ ಮುನ್ನ ಊಟ ಮುಗಿಸುವ, ನೀರನ್ನು ಸೋಸಿ ಕುಡಿಯುವ, ಗಡ್ಡೆಗೆಣಸುಗಳನ್ನು ವರ್ಜಿಸುವ ಮನೆಗಳಲ್ಲಿಯೂ ಆ ಬೆರಳು ಆಡುವುದುಂಟು. ಕಾಯದ ಹಿಂಸೆಗೆ ಅಲ್ಲಿ ನೂರು ಕಾವಲುಗಳಿವೆ. ಅನುಮೋದನೆಗೆ ಬಾಗಿಲು ತೆರೆದೇ ಇದೆ. ಸಂಜೆ ಜಪಮಾಲೆ ಹಿಡಿದವರ ಬೆರಳಿಗೆ 108 ಮಣಿಗಳೂ ಒಂದೇ ಸಮನಾಗಿ ತಾಗುತ್ತವೆ. ಅವುಗಳಲ್ಲಿ 36 ಆ ದಿನ ಮೆಚ್ಚಿದ್ದರ ಲೆಕ್ಕವೆಂದು ನೆನಪಾದರೆ ಜಪ ಸಾರ್ಥಕ.