ಕಿಟಕಿ ತೆರೆದವಳು

ಮುರ್ನೌ 1922ರಲ್ಲಿ ನಿರ್ದೇಶಿಸಿದ ಜರ್ಮನ್ ಮೂಕಿ ಚಿತ್ರ ‘ನೊಸ್‌ಫೆರಾಟು’. ಅದರ ಕೊನೆಯಲ್ಲಿ ಉದ್ದ ಉಗುರಿನ ಕೈಯ ನೆರಳೊಂದು ಮೆಟ್ಟಿಲು ಹತ್ತಿ ಬರುತ್ತದೆ. ಮೇಲೆ ಎಲೆನ್ ಒಬ್ಬಳೇ ಇದ್ದಾಳೆ. ಬರುತ್ತಿರುವವನು ರಕ್ತ ಹೀರುವ ಕೌಂಟ್ ಓರ್ಲಾಕ್ ಎಂದು ಅವಳಿಗೆ ಗೊತ್ತು. ಕಿಟಕಿ ತೆರೆದು ಕರೆದವಳೂ ಅವಳೇ. ಆ ನೆರಳಿಗಿಂತ ಹೆಚ್ಚಾಗಿ ನನ್ನನ್ನು ಹೆದರಿಸುವುದು ಈ ಕರೆ.

ಅವಳ ಗಂಡ ಹುಟ್ಟರ್ ಹಣದ ಆಸೆಯಿಂದ ಮನೆಯೊಂದರ ವ್ಯಾಪಾರ ಕುದುರಿಸಲು ದೂರದ ಬೆಟ್ಟಗಳ ನಾಡಿಗೆ ಹೋಗಿದ್ದ. ಅಲ್ಲಿ ಅವಳ ಪುಟ್ಟ ಚಿತ್ರ ಓರ್ಲಾಕನ ಕಣ್ಣಿಗೆ ಬಿತ್ತು. ಅವಳ ಕೊರಳನ್ನು ಹೊಗಳಿ ಅವನು ರುಜು ಹಾಕಿಯೇಬಿಟ್ಟ. ಕೊಂಡ ಮನೆ ಇವರ ಮನೆಯ ಎದುರಿಗೇ! ಹಡಗಿನಲ್ಲಿ ಅವನೊಂದಿಗೆ ಇಲಿಗಳು ಬಂದವು, ಊರಿಗೆ ಪ್ಲೇಗು ಬಂತು.

ಉಪಾಯ ಒಂದು ಪುಸ್ತಕದಲ್ಲಿದೆ. ನಿಷ್ಕಳಂಕ ಹೆಂಗಸೊಬ್ಬಳು ಸ್ವಇಚ್ಛೆಯಿಂದ ತನ್ನ ರಕ್ತ ಕೊಟ್ಟು, ಕೋಳಿ ಕೂಗುವವರೆಗೆ ಅವನನ್ನು ತಡೆದಿಟ್ಟುಕೊಳ್ಳಬೇಕು. ಓದಬೇಡ ಎಂದು ಗಂಡ ಹೇಳಿದ್ದ. ಅವಳು ಓದಿದಳು. ಕಿಟಕಿಯಾಚೆ ಶವಪೆಟ್ಟಿಗೆಗಳ ಸಾಲು. ಊರಿನ ಜನವೋ, ಹುಚ್ಚನೊಬ್ಬನನ್ನು ಅಪರಾಧಿಯೆಂದು ಬಗೆದು ಕಲ್ಲು ಹೊಡೆಯುತ್ತ ಅಟ್ಟಿಸಿಕೊಂಡು ಹೋಗುತ್ತಿದ್ದಾರೆ.

ಆ ‘ಸ್ವಇಚ್ಛೆ’ ಎಂಬ ಮಾತಿನ ಮುಂದೆ ನಾನು ಪ್ರತಿಸಲವೂ ನಿಲ್ಲುತ್ತೇನೆ. ಬಲವಂತ ಮಾಡಿದವರು ಯಾರೂ ಇಲ್ಲ, ನಿಜ. ಆದರೆ ಒಲ್ಲೆನೆಂದು ಕಿಟಕಿ ಮುಚ್ಚಿದ್ದರೆ ಮುಂದಿನ ಸಾವುಗಳೆಲ್ಲ ಯಾರ ಲೆಕ್ಕಕ್ಕೆ ಬರುತ್ತಿದ್ದವು? ಹೊರಗೆ ಹೋಗಿ ಪಿಶಾಚಿಗೆ ಮನೆ ಮಾರಿ ಬಂದ ಗಂಡನಿಂದ ಪುಸ್ತಕ ಒಂದು ತೊಟ್ಟು ರಕ್ತವನ್ನೂ ಕೇಳುವುದಿಲ್ಲ. ಕಥೆಯ ಮೂಲವಾದ ಬ್ರಾಮ್ ಸ್ಟೋಕರನ ‘ಡ್ರಾಕುಲಾ’ (1897) ಹೀಗಿಲ್ಲ. ಅಲ್ಲಿ ಗಂಡಸರು ಗುಂಪುಗೂಡಿ ಬೆನ್ನಟ್ಟಿ ಅವನನ್ನು ಮುಗಿಸುತ್ತಾರೆ. ಮೀನಾ ಅವರೊಡನೆ ತಲೆ ಓಡಿಸುತ್ತಾಳೆ, ಬದುಕಿಯೂ ಉಳಿಯುತ್ತಾಳೆ. ಚಿತ್ರಕಥೆ ಬರೆದ ಹೆನ್ರಿಕ್ ಗಾಲೀನ್ ಅಷ್ಟು ಜನರ ಕೆಲಸವನ್ನು ತಂದು ಒಬ್ಬಳ ಹಾಸಿಗೆಯ ಮೇಲಿಟ್ಟ.

ಹಾಗೆಂದು ಅವಳನ್ನು ಬರೀ ಬಲಿಪಶು ಎನ್ನಲು ನನಗೆ ಮನಸ್ಸು ಬಾರದು. ವೈದ್ಯರನ್ನು ಕರೆತರುವ ನೆಪದಲ್ಲಿ ಗಂಡನನ್ನು ಆಚೆ ಕಳಿಸುತ್ತಾಳಲ್ಲ, ಆ ಜಾಣತನವನ್ನು ಪುಸ್ತಕ ಹೇಳಿಕೊಟ್ಟಿರಲಿಲ್ಲ. ಇಡೀ ಊರಿನಲ್ಲಿ ಸತ್ಯ ತಿಳಿದು ಹೆಜ್ಜೆಯಿಟ್ಟವಳು ಅವಳೊಬ್ಬಳೇ. ಅದು ಧೈರ್ಯವೇ. ಆ ಧೈರ್ಯಕ್ಕೆ ಬೇರೆ ದಾರಿಯನ್ನೇ ಬಿಡದವರ ಮೇಲೆ ನನ್ನ ಸಿಟ್ಟು.

ಕೋಳಿ ಕೂಗುತ್ತದೆ. ಬಿಸಿಲಿಗೆ ಓರ್ಲಾಕ್ ಕರಗಿಹೋಗುತ್ತಾನೆ. ಗಂಡ ಓಡಿಬಂದು ಅವಳನ್ನು ತಬ್ಬಿಕೊಳ್ಳುವಷ್ಟರಲ್ಲಿ ಅವಳ ಜೀವ ಹೋಗುತ್ತದೆ. ಅವಳು ಮಾಡಿದ್ದೇನೆಂದು ಅವನಿಗೆ ತಿಳಿಯಿತೇ? ಚಿತ್ರ ಆ ಮಾತು ಎತ್ತುವುದಿಲ್ಲ. ಪಾಳುಬಿದ್ದ ಕೋಟೆಯನ್ನೊಮ್ಮೆ ತೋರಿಸಿ ಮುಗಿದುಬಿಡುತ್ತದೆ.